ಆ ಚಪ್ಪಾಳೆ ನನ್ನದು

ನಾನು ಟಿ.ವಿ. ಎದುರು ಕೂತರೆ ಮೊಮ್ಮಗಳು ರಿಮೋಟನ್ನು ಬಚ್ಚಿಡುತ್ತಾಳೆ. ಆಟಗಾರರನ್ನು ಹರಾಜು ಹಾಕುವುದು ಸರಿಯೋ ತಪ್ಪೋ, ದುಡ್ಡು ಬಂದು ಆಟ ಕೆಟ್ಟಿತೋ ಇಲ್ಲವೋ ಅಂತ ಚರ್ಚೆ ಶುರುವಾದರೆ ನನ್ನಿಂದ ಸುಮ್ಮನಿರಲು ಆಗುವುದಿಲ್ಲ, ಅದಕ್ಕೆ. ಪರದೆಯ ಮೇಲೆ ಆರು ಚೌಕ, ಆರು ಚೌಕದಲ್ಲಿ ಆರು ತಲೆ, ಆರೂ ಬಾಯಿ ಒಟ್ಟಿಗೆ ತೆರೆದಿರುತ್ತವೆ. ಒಬ್ಬ ವಕೀಲ, ಒಬ್ಬ ನಿವೃತ್ತ ಅಧಿಕಾರಿ, ಒಬ್ಬ ಯಾವುದೋ ಸಂಘದವನು, ಒಬ್ಬನಿಗೆ ತಾನು ಯಾರು ಅಂತ ಅವನಿಗೇ ಗೊತ್ತಿರುವುದಿಲ್ಲ. ಆಡುವವನು ಮಾತ್ರ ಒಬ್ಬನೂ ಇಲ್ಲ. ಗಂಡಿಲ್ಲದ ಮದುವೆ! "ಆಡೋನನ್ನ ಕರೀರೋ ಅಲ್ಲಿಗೆ!" ಅಂತ ನಾನು ಕಿರುಚುತ್ತೇನೆ. "ತಾತ, ಅವರಿಗೆ ಕೇಳಿಸಲ್ಲ" ಅನ್ನುತ್ತಾಳೆ ಮೊಮ್ಮಗಳು.

ಕೇಳಿಸುವುದಿಲ್ಲ ಅಂತ ನನಗೆ ಗೊತ್ತಿಲ್ಲವೇ? ಒಂದು ಸಲ ನನ್ನ ಬಾಯಿಯ ಮುಂದೆ ಮೈಕನ್ನೇ ಇಟ್ಟುಕೊಂಡು ಮಾತಾಡಿದೆ. ಆಗಲೂ ಕೇಳಿಸಲಿಲ್ಲ. ಆ ಕಥೆ ಹೇಳುತ್ತೇನೆ. ಹೇಳುವಾಗ ನನ್ನ ದನಿ ಏರಿದರೆ ಬೇಜಾರು ಮಾಡಿಕೊಳ್ಳಬೇಡಿ, ಏರುತ್ತದೆ.

ಕೊಡಗು ಮೈಸೂರು ರಾಜ್ಯಕ್ಕೆ ಸೇರಿ ಇನ್ನೂ ಕೆಲವೇ ವರ್ಷವಾಗಿದ್ದ ಕಾಲ. ನಮ್ಮದು ಶಿರಂಗಾಲ. ನಮ್ಮ ತಾತ ಹಾಸನದ ಕಡೆಯಿಂದ ಬಂದು ಅಲ್ಲಿ ನೆಲ ಹಿಡಿದವನು. ಅಪ್ಪ ರಾಗಿ, ಭತ್ತ ಬೆಳೆಯುತ್ತಿದ್ದ. ಅಪ್ಪನಿಗೆ ಓದು ಬರಹ ಬರುತ್ತಿರಲಿಲ್ಲ. ಆದ್ದರಿಂದಲೇ ಓದು ಬರಹ ಅಂದರೆ ಅವನಿಗೆ ದೇವರು. ದಾರಿಯಲ್ಲಿ ಬಿದ್ದ ಕಾಗದದ ಚೂರನ್ನೂ ತುಳಿಯದೆ ಎತ್ತಿ ಬೇಲಿಗೆ ಸಿಕ್ಕಿಸಿ ಹೋಗುತ್ತಿದ್ದ. ನಾನು ಕುಶಾಲನಗರದ ಶಾಲೆಗೆ ಹೋಗಿ ಬರುತ್ತಿದ್ದೆ. ಓದಿದ್ದು ಅಷ್ಟಕ್ಕಷ್ಟೆ. ಕಲಿತದ್ದು ಹಾಕಿ. ಬಾಗಿದ ಸೀಬೆ ಕೊಂಬೆ ಕಡಿದು, ತೊಗಟೆ ಸುಲಿದು, ಅದರಲ್ಲೇ ಶುರು ಮಾಡಿದ್ದು. ಕಾಲಿಗೆ ಬೂಟಿಲ್ಲ. ಆದರೆ ಆ ಬರಿಗಾಲಿನಲ್ಲೇ ಬೂಟಿನವರನ್ನು ದಾಟಿ ಹೋಗುತ್ತಿದ್ದೆ, ಇದು ಜಂಬವಲ್ಲ. ಸರಿ, ಸ್ವಲ್ಪ ಜಂಬವೇ.

ಒಂದು ಮ್ಯಾಚಿನಲ್ಲಿ ಪಾಲಿಬೆಟ್ಟದ ಕಡೆಯ ಒಂದು ಎಸ್ಟೇಟಿನ ತಂಡಕ್ಕೆ ನಾನೊಬ್ಬನೇ ಮೂರು ಗೋಲು ಹೊಡೆದೆ. ಮ್ಯಾಚು ಮುಗಿದ ಮೇಲೆ ಆ ಎಸ್ಟೇಟಿನ ಮ್ಯಾನೇಜರು ನನ್ನ ಹತ್ತಿರ ಬಂದರು. ಬಿಳಿಯರು ಹೋಗಿಯಾಗಿತ್ತು, ಆದರೆ ಮ್ಯಾನೇಜರನ್ನು 'ದೊರೆ' ಅನ್ನುವುದು ಮಾತ್ರ ಹೋಗಿರಲಿಲ್ಲ. ದೊರೆ ಕೇಳಿದ್ದು ಎರಡೇ ಪ್ರಶ್ನೆ. "ಸ್ಟಿಕ್ ತಿರುಗಿಸಿ ಹೊಡೆಯೋಕೆ ಬರುತ್ತಾ?" ಬರುತ್ತೆ ಅಂದೆ. "ಎಸ್ಟೇಟಲ್ಲಿ ರೈಟರ್ ಕೆಲಸ ಕೊಡ್ತೀನಿ, ಯಾವತ್ತು ಬರ್ತೀಯಾ?" ಎಷ್ಟು ಓದಿದ್ದೀಯಾ ಅಂತ ಕೇಳಲಿಲ್ಲ, ನನ್ನ ಅಕ್ಷರ ಹೇಗಿದೆ ಅಂತ ನೋಡಲಿಲ್ಲ.

ಎಸ್ಟೇಟಿನಲ್ಲಿ ರೈಟರ್ ಅಂದರೆ ಆಳುಗಳ ಹಾಜರಿ ಬರೆದುಕೊಳ್ಳುವ ಗುಮಾಸ್ತ. ನಾನು ಮನೆಗೆ ಹೋಗಿ ಹೇಳಿದ ಕೂಡಲೇ ಅಪ್ಪ ಎದ್ದು ನಿಂತುಬಿಟ್ಟ. "ಬರೆಯೋ ಕೆಲ್ಸವಾ? ನೆಳ್ಳಲ್ಲಿ ಕೂತ್ಕಂಡು?" ಅಂದ. ಹೂಂ ಅಂದೆ. ಅವನು ಸಂಜೆಯೊಳಗೆ ಊರಿನ ಎರಡು ಬೀದಿಗೂ ಹೋಗಿ, "ನನ್ ಮಗ ರೈಟರಾದ ಕಣ್ರೋ. ಅವನ ಅಕ್ಸರ ನೋಡಿ ದೊರೆನೇ ಬಂದು ಕರ್ದವ್ರೆ" ಅಂತ ಸಾರಿಬಂದ. ಅಕ್ಷರದ ಮಾತು ನಾನು ಹೇಳಿರಲಿಲ್ಲ, ಅವನೇ ಸೇರಿಸಿಕೊಂಡದ್ದು. ಅಲ್ಲ ಅಂತ ನಾನು ಹೇಳಲಿಲ್ಲ. ಅವನ ಮುಖ ನೋಡಿದ್ದರೆ ನೀವೂ ಹೇಳುತ್ತಿರಲಿಲ್ಲ.

ಎಸ್ಟೇಟಿನಲ್ಲಿ ನಿಜವಾದ ರೈಟರ್ ಒಬ್ಬರಿದ್ದರು. ತಲಶ್ಶೇರಿ ಕಡೆಯವರು, ವಯಸ್ಸಾಗಿತ್ತು, ಕಿವಿಯ ಹಿಂದೆ ಸದಾ ಒಂದು ಪೆನ್ಸಿಲ್. ಇಪ್ಪತ್ತು ವರ್ಷ ಪಾಲಿಬೆಟ್ಟದಲ್ಲಿದ್ದರೂ ಅವರ ಕನ್ನಡ ಇನ್ನೂ ಕೇರಳದ ಗಡಿಯ ಕುಟ್ಟ ದಾಟಿ ಬಂದಿರಲಿಲ್ಲ. ಮೊದಲ ದಿನ ನನ್ನ ಕೈಗೆ ಪೆನ್ಸಿಲ್ ಕೊಟ್ಟು ಎರಡು ಸಾಲು ಬರೆಸಿದರು. ನೋಡಿದರು. ಪೆನ್ಸಿಲನ್ನು ವಾಪಸು ಕಿತ್ತುಕೊಂಡು, "ಮೋನೇ, ನೀನು ಚೆಂಡು ಹೊಡಿ, ನಾನು ಬರೀತೇನೆ" ಅಂದರು. ಅಲ್ಲಿಗೆ ನನ್ನ ರೈಟರಿಕೆ ಮುಗಿಯಿತು. ಬೆಳಗ್ಗೆ ಗಂಟೆ ಹೊಡೆದಾಗ ಹಾಜರಿಗೆ ಅವರ ಪಕ್ಕ ಹೋಗಿ ನಿಲ್ಲುವುದು, ಆಮೇಲೆ ಬಂಗಲೆಯ ಕೆಳಗಿನ ಬಯಲಿನಲ್ಲಿ ಸಂಜೆಯವರೆಗೆ ಓಡುವುದು. ಲೈನಿನ, ಅಂದರೆ ಆಳುಗಳ ಸಾಲುಮನೆಯ, ಹೆಂಗಸರು ಮೆಣಸು ಕೊಯ್ಯಲು ಹೋಗುವಾಗ, "ಏನ್ ರೈಟರೇ, ಇವತ್ತು ಎಷ್ಟು ಗೋಲು ಬರ್ದ್ರಿ?" ಅಂತ ನಗಾಡುತ್ತಿದ್ದರು. ನಾನೂ ನಗುತ್ತಿದ್ದೆ. ಸಂಬಳದ ದಿನ ಮಾತ್ರ ನಗು ಬರುತ್ತಿರಲಿಲ್ಲ. ಕದ್ದ ಮಾಲಿನ ಹಾಗೆ ತೆಗೆದುಕೊಂಡು ಬರುತ್ತಿದ್ದೆ.

ಇದು ನಮ್ಮ ಎಸ್ಟೇಟಿನ ಕಥೆ ಮಾತ್ರ ಅಂದುಕೊಳ್ಳಬೇಡಿ. ವಿರಾಜಪೇಟೆಯಲ್ಲಿ ವರ್ಷವರ್ಷ ಎಸ್ಟೇಟುಗಳ ಹಾಕಿ ಟೂರ್ನಮೆಂಟ್ ಆಗುತ್ತಿತ್ತು. ಅದರ ನಿಯಮದ ಮೊದಲ ಸಾಲೇ, ಆಟಕ್ಕೆ ಹಣ ಪಡೆಯುವವರಿಗೆ ಪ್ರವೇಶವಿಲ್ಲ ಅಂತ. ಸರಿ, ಒಳ್ಳೆಯದೇ. ಆದರೆ ಎಲ್ಲ ತಂಡದಲ್ಲೂ ಬರೆಯಲು ಬಾರದ ರೈಟರುಗಳು. ಒಂದು ಎಸ್ಟೇಟಿನ ಗೋಲ್‌ಕೀಪರು ಅಲ್ಲಿನ ಡಿಸ್ಪೆನ್ಸರಿಯ ಕಂಪೌಂಡರಂತೆ! ಅವನ ಕೈಯಿಂದ ಔಷಧಿ ಕುಡಿದವರು ಯಾರೂ ಇರಲಿಲ್ಲ, ದೇವರು ದೊಡ್ಡವನು. ಎಲ್ಲರಿಗೂ ಎಲ್ಲ ಗೊತ್ತಿತ್ತು. ಹಾವೂ ಸಾಯಬಾರದು, ಕೋಲೂ ಮುರಿಯಬಾರದು ಅಂತ ಎಲ್ಲರೂ ಬಾಯಿ ಮುಚ್ಚಿಕೊಂಡಿದ್ದರು.

ಆ ವರ್ಷ ಸೆಮಿಫೈನಲ್‌ನಲ್ಲಿ ನಾನು ಎರಡು ಗೋಲು ಹೊಡೆದೆ, ನಾವು ಫೈನಲಿಗೆ ಬಂದೆವು. ಸೋತ ಎಸ್ಟೇಟಿನವರಿಗೆ ಹೊಟ್ಟೆ ಉರಿಯಿತು. ಮರುದಿನವೇ ಕಮಿಟಿಗೆ ದೂರು ಕೊಟ್ಟರು: ಇವನು ರೈಟರ್ ಅಲ್ಲ, ದುಡ್ಡಿಗೆ ಆಡುವವನು. ಕಮಿಟಿಯ ಅಧ್ಯಕ್ಷರು ಸೈನ್ಯದಿಂದ ನಿವೃತ್ತರಾದ ಒಬ್ಬ ಕ್ಯಾಪ್ಟನ್. ನೆಟ್ಟಗೆ ನಿಲ್ಲುವ ಮನುಷ್ಯ. ನಾನು ಹೇಳುವುದು ಕೇಳಿ ಅವರನ್ನು ಕೆಟ್ಟವರು ಅಂದುಕೊಳ್ಳಬೇಡಿ, ಕೆಟ್ಟವರಲ್ಲ. ಹಸಿದು ಆಡಿದವರಲ್ಲ, ಅಷ್ಟೆ.

ಅದೇ ವಾರ ಬೆಂಗಳೂರಿನಿಂದ ರೇಡಿಯೋದವರು ಟೂರ್ನಮೆಂಟಿನ ಬಗ್ಗೆ ಒಂದು ಕಾರ್ಯಕ್ರಮ ಮಾಡಲು ಬಂದಿದ್ದರು. ದೂರಿನ ಸುದ್ದಿ ಅವರ ಕಿವಿಗೂ ಬಿತ್ತು. ಒಂದು ಚರ್ಚೆಯನ್ನೇ ಇಟ್ಟುಬಿಡೋಣ, 'ಆಟ ಗೌರವಕ್ಕೋ ಸಂಬಳಕ್ಕೋ' ಅಂತ, ಅಂದರು. ಕ್ಯಾಪ್ಟನ್ ಒಪ್ಪಿದರು. ಭಾನುವಾರ ಫೈನಲ್. ಶನಿವಾರ ಸಂಜೆ ವಿರಾಜಪೇಟೆಯ ಟೌನ್ ಹಾಲಿನಲ್ಲಿ ಚರ್ಚೆ. ನನ್ನ ಮೇಲಿನ ದೂರಿನ ತೀರ್ಮಾನವೂ ಅಲ್ಲೇ, ಎಲ್ಲರ ಎದುರಿಗೇ ಆಗಲಿ ಅಂತ ಕ್ಯಾಪ್ಟನ್ ಹೇಳಿ ಕಳಿಸಿದರು.

ಆ ಫೈನಲನ್ನು ಆಡುವುದು ನನಗೆ ಏನಾಗಿತ್ತು ಅಂತ ಈಗ ಹೇಗೆ ಹೇಳಲಿ? ಫೈನಲ್ ನೋಡಲು ಮೈಸೂರಿನಿಂದ, ಬೆಂಗಳೂರಿನಿಂದ ದೊಡ್ಡ ತಂಡದವರು ಬರುತ್ತಿದ್ದರು. ಅಲ್ಲಿ ಕಣ್ಣಿಗೆ ಬಿದ್ದರೆ ರೈಟರ್ ಅನ್ನುವ ಸುಳ್ಳು ಬಿಟ್ಟು ಹಾಕಿ ಆಟಗಾರ ಅಂತಲೇ ಬದುಕಬಹುದು. ಕಣ್ಣು ಮುಚ್ಚಿದರೆ ಅದೇ ಮೈದಾನ. ಊಟ ಸೇರುತ್ತಿರಲಿಲ್ಲ.

ಶನಿವಾರ ಬೆಳಗ್ಗೆ ದೊರೆ ನನ್ನನ್ನೂ ಹಳೇ ರೈಟರನ್ನೂ ಆಫೀಸಿಗೆ ಕರೆದರು. ನನಗೆ, "ನೀನು ಬಾಯಿ ಬಿಡಬೇಡ. ನಾನೇ ಮಾತಾಡ್ತೀನಿ. ನಾಳೆ ನೀನು ಆಡ್ತೀಯಾ, ಅದು ನನ್ನ ಜವಾಬ್ದಾರಿ" ಅಂದರು. ಹಳೇ ರೈಟರಿಗೆ, "ಚೆಕ್‌ರೋಲಲ್ಲಿ ಇವನ ಹಾಜರಿ ಎಲ್ಲ ಸರಿ ಇರಬೇಕು. ಒಂದು ದಿನವೂ ತಪ್ಪಬಾರದು. ಸಂಜೆ ಅದನ್ನೇ ಸಾಕ್ಷಿ ತೋರಿಸ್ತೀನಿ" ಅಂದರು. ಚೆಕ್‌ರೋಲ್ ಅಂದರೆ ಎಸ್ಟೇಟಿನ ಹಾಜರಿ ಪುಸ್ತಕ. ಹಳೇ ರೈಟರು ತಲೆ ಅಲ್ಲಾಡಿಸಿ, ಪೆನ್ಸಿಲನ್ನು ನಾಲಿಗೆಗೆ ತಾಗಿಸಿ, ಬಾಗಿಲು ಹಾಕಿಕೊಂಡು ಕೂತರು.

ಸಂಜೆ ಐದಕ್ಕೆ ಹಾಲು ತುಂಬಿತ್ತು. ಮುಂದಿನ ಕುರ್ಚಿಗಳಲ್ಲಿ ಪ್ಲಾಂಟರುಗಳು, ಅವರ ಮನೆಯವರು. ಹಿಂದೆ ಬೆಂಚಿನಲ್ಲಿ, ಗೋಡೆಗೆ ಒರಗಿ, ಕಿಟಕಿಯ ಮೇಲೆ ನಮ್ಮವರು: ಲಾರಿಯಲ್ಲಿ ಬಂದ ಲೈನಿನ ಜನ, ಕೇರಳದ ಬಸ್ಸಿನ ಕಂಡಕ್ಟರುಗಳು, ಮೆಣಸಿನ ಮೂಟೆ ಹೊರುವವರು. ಮೇಜಿನ ಮೇಲೆ ಎರಡು ದೊಡ್ಡ ಚಕ್ರ ತಿರುಗುವ ರೆಕಾರ್ಡಿಂಗ್ ಯಂತ್ರ. ರೇಡಿಯೋದವರು ಕನ್ನಡಕ ಸರಿಮಾಡಿಕೊಂಡು, "ದಯವಿಟ್ಟು ಯಾರೂ ಕೆಮ್ಮಬಾರದು" ಅಂದರು. ಅನ್ನುವುದೇ ತಡ, ಇಡೀ ಹಾಲು ಕೆಮ್ಮಿತು.

ಚರ್ಚೆ ಅಂದರೆ ಒಬ್ಬರು ಹೌದು ಅನ್ನಬೇಕು, ಇನ್ನೊಬ್ಬರು ಅಲ್ಲ ಅನ್ನಬೇಕು ಅಂತ ನಾನು ತಿಳಿದಿದ್ದೆ. ಕ್ಯಾಪ್ಟನ್ ಎದ್ದು, ಸೈನ್ಯದಲ್ಲಿ ನಾನು ಆಡಿದ್ದು ಗೌರವಕ್ಕೆ, ಸಂಬಳಕ್ಕೆ ಆಡುವುದು ಆಟಕ್ಕೆ ಮಾಡುವ ಅವಮಾನ ಅಂದರು. ನಮ್ಮ ದೊರೆ ಎದ್ದು, ಸಂಬಳಕ್ಕೆ ಆಡುವುದು ಆಟಕ್ಕೆ ಮಾಡುವ ಅವಮಾನ, ಆದ್ದರಿಂದ ನಮ್ಮ ಎಸ್ಟೇಟಿನಲ್ಲಿ ಅದು ಇಲ್ಲವೇ ಇಲ್ಲ ಅಂದರು. ಇಬ್ಬರದೂ ಒಂದೇ ಪಾಠ. ಮುಂದಿನ ಕುರ್ಚಿಗಳು ತಲೆದೂಗಿದವು. ನಾನು ಕೊನೆಯ ಬೆಂಚಿನಲ್ಲಿ ಹಳೇ ರೈಟರ ಪಕ್ಕ ಕೂತು, ಕುಂಬಳಕಾಯಿ ಕಳ್ಳನ ಹಾಗೆ ನನ್ನ ಹೆಗಲನ್ನೇ ನೋಡಿಕೊಳ್ಳುತ್ತಿದ್ದೆ.

"ಸಾಕ್ಷಿ ಇದೆ" ಅಂತ ದೊರೆ ಚೆಕ್‌ರೋಲನ್ನು ಮೇಜಿನ ಮೇಲೆ ಇಟ್ಟರು. "ಈ ಹುಡುಗ ದಿನಾ ಎಸ್ಟೇಟ್ ಕೆಲಸ ಮಾಡ್ತಾನೆ. ಆಡೋದು ಬಿಡುವಿದ್ದಾಗ. ನೀವೇ ನೋಡಿ."

ಕ್ಯಾಪ್ಟನ್ ಕನ್ನಡಕ ಹಾಕಿಕೊಂಡು ಪುಟ ತಿರುವಿದರು. ಒಂದು ಕಡೆ ಬೆರಳು ನಿಂತಿತು. ಮೈಕಿನ ಮುಂದೆ, ದನಿ ಏರಿಸದೆ, ಓದಿದರು.

"ಸೆಮಿಫೈನಲ್ ನಡೆದ ದಿನ. ಎಸ್ಟೇಟಿಗೆ ಮಧ್ಯಾಹ್ನದಿಂದ ರಜೆ. ಮ್ಯಾಚ್ ನೋಡಲು ಆಳುಗಳನ್ನು ಲಾರಿಯಲ್ಲಿ ಕಳಿಸಿದೆ. ಎಲ್ಲರಿಗೂ ಅರ್ಧ ದಿನ. ಮೇಸ್ತ್ರಿಗೆ ಅರ್ಧ ದಿನ. ಲಾರಿ ಡ್ರೈವರಿಗೆ ಅರ್ಧ ದಿನ." ಅವರು ಪುಟದಿಂದ ತಲೆ ಎತ್ತಿದರು. "ಈ ಹುಡುಗನಿಗೆ ಒಬ್ಬನಿಗೇ ಪೂರ್ತಿ ದಿನ. ಕೆಲಸ: ಸಂಜೆ ಐದರವರೆಗೆ ಕಣದಲ್ಲಿ ಮೆಣಸು ತೂಗಿದ್ದು. ಅಂದರೆ ಮೆಣಸು ತಂದವರೂ ಇಲ್ಲ, ಹೊತ್ತವರೂ ಇಲ್ಲ, ಇಡೀ ಎಸ್ಟೇಟಿನಲ್ಲಿ ಇವನೊಬ್ಬನೇ ನಿಂತು ತೂಗಿದ್ದಾನೆ. ನಾನು ಅದೇ ದಿನ ನಾಲ್ಕು ಗಂಟೆಗೆ ಇವನ ಎರಡು ಗೋಲು ನೋಡಿದೆ. ಇವನು ಅವಳಿ ಜವಳಿಯೇ?"

ಹಾಲು ಹೋ ಅಂತ ನಕ್ಕಿತು. ನನ್ನ ಪಕ್ಕದಲ್ಲಿ ಹಳೇ ರೈಟರು, "ಅಯ್ಯೋ ಎನ್ನಪ್ಪಾ" ಅಂತ ತಲೆ ಮೇಲೆ ಕೈ ಹೊತ್ತರು. ಒಂದು ದಿನವೂ ತಪ್ಪಬಾರದು ಅಂದಿದ್ದರಲ್ಲ ದೊರೆ. ತಪ್ಪಿರಲಿಲ್ಲ! ಇಪ್ಪತ್ತು ವರ್ಷ ಹಾಜರಿ ಬರೆದ ಕೈ, ರಜೆಯ ದಿನವನ್ನೂ ಬಿಡದೆ ತುಂಬಿಸಿಬಿಟ್ಟಿತ್ತು.

ಕ್ಯಾಪ್ಟನ್ ಕೈ ಎತ್ತಿದರು, ನಗು ನಿಂತಿತು. "ನಾನು ಅನ್ಯಾಯ ಮಾಡುವವನಲ್ಲ" ಅಂದರು. "ಇದು ಬರೆಯುವವರ ತಪ್ಪು ಅಂತ ಮ್ಯಾನೇಜರು ಹೇಳಿದರೆ ಒಪ್ಪಿಕೊಳ್ಳುತ್ತೇನೆ. ಹುಡುಗ ನಾಳೆ ಆಡಲಿ."

ದೊರೆ ಒಂದು ಉಸಿರು ಕೂಡ ಯೋಚಿಸಲಿಲ್ಲ. "ಆ ಮುದುಕನದೇ ತಪ್ಪು. ಯಾರನ್ನೂ ಕೇಳದೆ ಸುಳ್ಳು ಬರೆದಿದ್ದಾನೆ. ಸೋಮವಾರದಿಂದ ಅವನಿಗೆ ನಮ್ಮ ಎಸ್ಟೇಟಿನಲ್ಲಿ ಕೆಲಸ ಇಲ್ಲ" ಅಂದರು.

ಮುಗಿಯಿತು. ಭಾನುವಾರದ ಫೈನಲ್ ನನ್ನ ಕೈಗೆ ಬಂತು. ನಾನು ಮಾಡಬೇಕಾಗಿದ್ದದ್ದು ಒಂದೇ, ಸುಮ್ಮನೆ ಕೂತಿರುವುದು. ಪಕ್ಕಕ್ಕೆ ನೋಡಿದೆ. ಹಳೇ ರೈಟರು ಕಿವಿಯ ಹಿಂದಿನ ಪೆನ್ಸಿಲನ್ನು ತೆಗೆದು ಜೇಬಿಗೆ ಹಾಕಿಕೊಳ್ಳುತ್ತಿದ್ದರು. ಅದು ಜೇಬಿನೊಳಗೆ ಹೋಗಲಿಲ್ಲ. ನನಗೆ ಎಲ್ಲಿತ್ತೋ ಸಿಟ್ಟು! ದೊರೆಯ ಮೇಲೆ ಅರ್ಧ, ನನ್ನ ಮೇಲೆ ಅರ್ಧ. ಎದ್ದೆ. ಅವರು ನನ್ನ ಅಂಗಿ ಹಿಡಿದು, "ಎಡಾ, ಅವಿಡೆ ಕೂತಿರು, ನಾಳೆ ಆಡಬೇಕಲ್ಲೋ" ಅಂದರು. ಅಂಗಿ ಬಿಡಿಸಿಕೊಂಡು ಹೋದೆ. ಬೆಂಚುಗಳ ನಡುವೆ ದಾರಿ ಇರಲಿಲ್ಲ, ಜನರೇ ಜರುಗಿ ದಾರಿ ಬಿಟ್ಟರು. ಮೇಜಿನ ಹತ್ತಿರ ಹೋಗಿ ಮೈಕನ್ನು ನನ್ನ ಕಡೆ ತಿರುಗಿಸಿಕೊಂಡೆ.

"ನಾನು ರೈಟರ್ ಅಲ್ಲ ಸಾರ್" ಅಂದೆ. "ನಾನು ಆಟಕ್ಕೆ ಸಂಬಳ ತಗೋತೀನಿ. ಆ ಪುಸ್ತಕ ಬರೆದದ್ದು ಅವರು, ಬರೆಸಿದ್ದು ದೊರೆ. ಇವತ್ತು ಬೆಳಗ್ಗೆ ನಾನೇ ಎದುರಿಗೆ ನಿಂತಿದ್ದೆ."

ದೊರೆ "ಏಯ್!" ಅಂದರು. ರೇಡಿಯೋದವರು ಯಂತ್ರ ನಿಲ್ಲಿಸಲೋ ಬೇಡವೋ ಅಂತ ಕ್ಯಾಪ್ಟನ್ ಮುಖ ನೋಡಿದರು. ಚಕ್ರ ತಿರುಗುತ್ತಲೇ ಇತ್ತು. ನಾನು ಕ್ಯಾಪ್ಟನ್ ಕಡೆ ತಿರುಗಿದೆ.

"ಕ್ಯಾಪ್ಟನ್ ಸಾಹೇಬರೇ, ನೀವು ಗೌರವಕ್ಕೆ ಆಡಿದ್ರಿ ಅಂದ್ರಿ. ಒಪ್ಪಿದೆ. ಆಗ ನಿಮ್ಮ ಬೂಟು ಯಾರು ಕೊಟ್ರು? ಸ್ಟಿಕ್ ಯಾರು ಕೊಟ್ರು? ಮ್ಯಾಚ್ ದಿನ ಸೈನ್ಯದಲ್ಲಿ ನಿಮ್ಮ ಸಂಬಳ ಹಿಡಿದ್ರಾ? ಇಲ್ಲ. ಹಂಗಾದ್ರೆ ನೀವೂ ಸಂಬಳಕ್ಕೇ ಆಡಿದ್ದು. ನಿಮ್ಮದಕ್ಕೆ ಗೌರವ ಅಂತ ಹೆಸರು, ನನ್ನದಕ್ಕೆ ಅವಮಾನ ಅಂತ ಹೆಸರು. ನಮ್ಮಪ್ಪ ಒಂದು ದಿನ ಗದ್ದೆಗೆ ಇಳೀಲಿಲ್ಲ ಅಂದ್ರೆ ಆ ದಿನದ ಅನ್ನ ಯಾರೂ ತಂದುಕೊಡಲ್ಲ. ಬಿಟ್ಟಿ ಆಡೋಕೆ ತೋಟ ಇರಬೇಕು ಸಾರ್. ತೋಟ ಇಲ್ಲದೋನು ಆಡಬಾರದು ಅಂತ ನೇರವಾಗಿ ರೂಲು ಬರೀರಿ, ಯಾಕೆ ಬಳಸಿ ಬಳಸಿ ಹೇಳ್ತೀರಿ? ನಾಳೆ ಫೈನಲಿಗೆ ಟಿಕೆಟ್ ಮಾರಿದ್ದೀರಲ್ಲ, ಜನ ಯಾರನ್ನ ನೋಡೋಕೆ ಬರ್ತಾರೆ? ಕಮಿಟಿನಾ?"

ಹಿಂದಿನಿಂದ ಯಾರೋ ಶಿಳ್ಳೆ ಹಾಕಿದರು. ನಾನು ನಿಲ್ಲಿಸಲಿಲ್ಲ.

"ಆಟಕ್ಕೆ ಸಂಬಳ ತಗೊಳ್ಳೋದು ನಾಚಿಕೆ ಅಲ್ಲ. ಆಡೋನನ್ನ ಕರಕೊಂಡು ಬಂದು ರೈಟರ್ ಅಂತ ಬರೆಸ್ತಾರಲ್ಲ, ಅದು ನಾಚಿಕೆ. ಆ ನಾಚಿಕೆ ಇಷ್ಟು ದಿನ ನಾನೂ ತಿಂದೆ. ಇನ್ನು ತಿನ್ನಲ್ಲ."

ಚಪ್ಪಾಳೆ! ಹಿಂದಿನ ಬೆಂಚುಗಳು, ಗೋಡೆಗೆ ಒರಗಿದವರು, ಕಿಟಕಿಯ ಮೇಲಿದ್ದವರು. ಮೆಣಸಿನ ಮೂಟೆಯವರು ಕಾಲಿನಿಂದ ನೆಲ ಬಡಿದರು. ಮುಂದಿನ ಕುರ್ಚಿಗಳಲ್ಲಿ ಒಬ್ಬ ಹೆಂಗಸು ಮಾತ್ರ ಚಪ್ಪಾಳೆ ತಟ್ಟಿ, ಗಂಡ ನೋಡಿದ ಮೇಲೆ ನಿಲ್ಲಿಸಿದರು. ಕ್ಯಾಪ್ಟನ್ ಮೇಜಿನ ಕೆಳಗೆ ತಮ್ಮ ಬೂಟುಗಳನ್ನು ಒಳಕ್ಕೆ ಎಳೆದುಕೊಂಡರು. ಅದನ್ನು ಬೇರೆ ಯಾರು ನೋಡಿದರೋ ಇಲ್ಲವೋ, ನಾನು ನೋಡಿದೆ. ಆಮೇಲೆ ಅವರು, "ಮಾತು ಕೇಳಿದೆ. ಆದರೆ ನಿಯಮ ನಿಯಮವೇ. ಈತ ನಾಳೆ ಆಡುವಂತಿಲ್ಲ" ಅಂದರು. ಆ ಮಾತು ಹೇಳುವಾಗ ನನ್ನ ಮುಖ ನೋಡಲಿಲ್ಲ.

ಹೊರಗೆ ಹಳೇ ರೈಟರು ಕಾಯುತ್ತಿದ್ದರು. "ಎಡಾ ಮಂಡಾ, ನಿನಗೆ ಬುದ್ಧಿ ಇಲ್ಲವಾ?" ಅಂತ ಬೈದರು. ಬೈಯುತ್ತಲೇ ನನ್ನ ಕೈಯನ್ನು ಬಿಡದೆ ಹಿಡಿದುಕೊಂಡಿದ್ದರು. ಅವರ ಕೆಲಸ ಹೋಗಲಿಲ್ಲ. ಅಷ್ಟು ಜನರ ಎದುರು ಬರೆಸಿದವರು ಯಾರು ಅಂತ ಬಯಲಾದ ಮೇಲೆ ಬರೆದವರನ್ನು ಓಡಿಸಲು ದೊರೆಗೆ ಮುಖ ಎಲ್ಲಿತ್ತು? ಓಡಿಸಿದ್ದು ನನ್ನನ್ನು. ಭಾನುವಾರ ನಾನು ಟಿಕೆಟ್ ತೆಗೆದುಕೊಂಡು, ಗೋಲಿನ ಹಿಂದೆ ಜನರ ಜೊತೆ ನಿಂತು ಫೈನಲ್ ನೋಡಿದೆ. ನಮ್ಮ ಎಸ್ಟೇಟು ಒಂದು ಗೋಲಿನಿಂದ ಸೋತಿತು. ನಾನಿದ್ದಿದ್ದರೆ ಗೆಲ್ಲುತ್ತಿತ್ತು ಅಂತ ಹೇಳುವುದು ದೊಡ್ಡತನವಲ್ಲ. ನನಗೆ ದೊಡ್ಡತನ ಬೇಡ. ಗೆಲ್ಲುತ್ತಿತ್ತು.

ಹಾಲಿನಿಂದ ಹೊರಡುವಾಗ ರೇಡಿಯೋದವರು ನನ್ನ ಬೆನ್ನು ತಟ್ಟಿ, "ಬಹಳ ಚೆನ್ನಾಗಿ ಬಂತು ನಿಮ್ಮ ಮಾತು. ಶುಕ್ರವಾರ ಸಂಜೆ ಪ್ರಸಾರ ಆಗುತ್ತೆ, ಊರಿನವರಿಗೆಲ್ಲ ಕೇಳಿಸಿ" ಅಂದಿದ್ದರು. ಅದನ್ನೇ ಗಟ್ಟಿಯಾಗಿ ಹಿಡಿದುಕೊಂಡು ಟ್ರಂಕು ಹೊತ್ತು ಶಿರಂಗಾಲಕ್ಕೆ ಬಂದೆ. ಯಾಕೆ ಗೊತ್ತೇ? ಮುನ್ನೂರು ಜನರ ಎದುರು ಬಾಯಿ ಬಿಟ್ಟವನಿಗೆ ಒಬ್ಬ ಅಪ್ಪನ ಎದುರು ಬಾಯಿ ಬರಲಿಲ್ಲ. "ಏನ್ಲಾ ಮಗ, ಟ್ರಂಕೇ ತಂದ್ಬುಟ್ಟಿದ್ದೀಯ?" ಅಂದ. "ರಜ ಅಪ್ಪ" ಅಂದೆ. ನಾನು ಹೇಳಲಾರದ್ದನ್ನು ರೇಡಿಯೋ ಹೇಳಲಿ ಅಂತ ನನ್ನ ಲೆಕ್ಕ. ನಾಚಿಕೆ ತಿನ್ನಲ್ಲ ಅಂತ ಮೈಕಿನಲ್ಲಿ ಕೂಗಿ ಇನ್ನೂ ನಾಲ್ಕು ದಿನ ಆಗಿರಲಿಲ್ಲ. ನೋಡಿ, ಮನುಷ್ಯ ಎಂಥ ಪ್ರಾಣಿ! "ಶುಕ್ರವಾರ ರೇಡಿಯೋದಲ್ಲಿ ನನ್ನ ಮಾತು ಬರ್ತದೆ" ಅಂತ ಮಾತ್ರ ಹೇಳಿದೆ. ಅಪ್ಪನಿಗೆ ಅಷ್ಟು ಸಾಕಾಯಿತು. ಮತ್ತೆ ಎರಡೂ ಬೀದಿಗೆ ಹೊರಟ.

ಊರಿಗೆ ಇದ್ದದ್ದು ಒಂದೇ ರೇಡಿಯೋ, ಪಂಚಾಯ್ತಿಯ ಕೋಣೆಯಲ್ಲಿ. ಮರದ ಪೆಟ್ಟಿಗೆಯೊಳಗೆ ಬೀಗ ಹಾಕಿ ಇಟ್ಟಿದ್ದರು. ಬೀಗದ ಕೈ ಪಂಚಾಯ್ತಿ ಜವಾನನ ಸೊಂಟದಲ್ಲಿ. ಅವನೇ ತೆಗೆಯಬೇಕು, ಅವನೇ ತಿರುಪು ತಿರುಗಿಸಬೇಕು, ಅವನೇ ಆರಿಸಬೇಕು. ಇನ್ನೊಬ್ಬರು ಮುಟ್ಟಿದರೆ ದಂಡ ಅಂತ ಗೋಡೆಯ ಮೇಲೆ ಬರೆದಿತ್ತು. ಓದಲು ಬಾರದವರೂ ಆ ಬರಹಕ್ಕೆ ಹೆದರುತ್ತಿದ್ದರು. ನನ್ನಪ್ಪ ಎಲ್ಲರಿಗಿಂತ ಹೆಚ್ಚು. ಆ ಕೋಣೆಗೆ ಹೋಗುವಾಗ ಚಪ್ಪಲಿಯನ್ನು ಅಂಗಳದಲ್ಲೇ ಬಿಟ್ಟು ಹೋಗುತ್ತಿದ್ದ.

ಶುಕ್ರವಾರ ಹೊತ್ತು ಮುಳುಗುವ ಮೊದಲೇ ಕೋಣೆ ತುಂಬಿತು. ಉಳಿದವರು ಜಗಲಿಯಲ್ಲಿ ಕೂತರು. ಅಪ್ಪ ಒಗೆದ ಅಂಗಿ ಹಾಕಿಕೊಂಡು ಮುಂದೆ ಕೂತಿದ್ದ. ಜವಾನ ಬೀಗ ತೆಗೆದು ತಿರುಪು ತಿರುಗಿಸಿದ. ಗೊರಗೊರ ಸದ್ದಾಗಿ, ಆಮೇಲೆ ದನಿ ಬಂತು. ಕ್ಯಾಪ್ಟನ್ ಮಾತು ಬಂತು. ದೊರೆಯ ಮಾತು ಬಂತು. ಚೆಕ್‌ರೋಲ್ ಸುದ್ದಿಯೇ ಬರಲಿಲ್ಲ. ಈಗ ಬರುತ್ತೆ, ಈಗ ಬರುತ್ತೆ ಅಂತ ಕಾದೆ. ಕ್ಯಾಪ್ಟನ್ ದನಿ, "ಸಂಬಳಕ್ಕೆ ಆಡುವುದು ಆಟಕ್ಕೆ ಮಾಡುವ ಅವಮಾನ" ಅಂತು. ಅಂದ ಕೂಡಲೇ ಚಪ್ಪಾಳೆ. ಭೋರ್ಗರೆಯುವ ಚಪ್ಪಾಳೆ, ಶಿಳ್ಳೆ, ನೆಲ ಬಡಿಯುವ ಕಾಲುಗಳು.

ಅದು ಯಾರ ಚಪ್ಪಾಳೆ ಅಂತ ನನಗೆ ಗೊತ್ತಾಗದೆ ಇರುತ್ತದೆಯೇ? ಹಾಲಿನಲ್ಲಿ ಕ್ಯಾಪ್ಟನ್ ಆ ಮಾತು ಹೇಳಿದಾಗ ಒಂದು ಕೈ ಕೂಡ ತಟ್ಟಿರಲಿಲ್ಲ, ತಲೆ ಆಡಿಸಿದ್ದರು ಅಷ್ಟೆ. ನನ್ನ ಮಾತನ್ನು ಕತ್ತರಿಸಿ ಎಸೆದು, ನನ್ನ ಚಪ್ಪಾಳೆಯನ್ನು ಒಯ್ದು ಅವರ ಮಾತಿಗೆ ಅಂಟಿಸಿದ್ದರು. ಕಳ್ಳತನವನ್ನು ಇಷ್ಟು ನಯವಾಗಿ ಮಾಡಬಹುದು ಅಂತ ಅವತ್ತೇ ನನಗೆ ತಿಳಿದದ್ದು. ರೇಡಿಯೋ ಮುಂದಿನ ಮಾತಿಗೆ ಹೋಯಿತು.

ಜಗಲಿಯಲ್ಲಿ ಯಾರೋ ಕಿಸಕ್ಕನೆ ನಕ್ಕರು. "ರೈಟರು ಬರೆಯೋದ್ರಲ್ಲೇ ಬಿಜಿಯಾಗಿ ಮಾತಾಡೋದ ಮರ್ತ್ರೇನೋ!" ಇನ್ನಷ್ಟು ಜನ ನಕ್ಕರು. ಅಪ್ಪ ತಿರುಗಿ ನನ್ನನ್ನು ನೋಡಿದ.

"ನಿನ್ ಮಾತೆಲ್ಲೋ ಮಗ?"

"ಕಿತ್ತಾಕವ್ರೆ ಅಪ್ಪ."

"ಮತ್ತೆ ನೀನು ಮಾತಾಡಿದ್ದು ನಿಜವಾ?"

"ಆಣೆಗೂ ನಿಜ. ಆ ಚಪ್ಪಾಳೆ ಬಂತಲ್ಲ, ಅದು ನನ್ನದು."

ಈಗ ಎಲ್ಲರೂ ನಕ್ಕರು. ಜವಾನನೂ ನಕ್ಕ. ನಾನು ತಲೆ ತಗ್ಗಿಸಿದೆ. ಎದ್ದು ಹೋಗಿಬಿಡೋಣ ಅನ್ನಿಸಿತು.

ಅಪ್ಪ ನಗಲಿಲ್ಲ. ನನ್ನನ್ನೇ ಒಂದು ಗಳಿಗೆ ನೋಡಿದ. ಆಮೇಲೆ ಎದ್ದ. ದಾರಿಯಲ್ಲಿ ಬಿದ್ದ ಕಾಗದವನ್ನು ತುಳಿಯದ ಮನುಷ್ಯ, ಗೋಡೆಯ ಬರಹದ ಕೆಳಗೇ ಹೋಗಿ ನಿಂತು, ಪೆಟ್ಟಿಗೆಯೊಳಗೆ ಕೈ ಹಾಕಿ ರೇಡಿಯೋದ ತಿರುಪನ್ನು ಟಕ್ಕನೆ ತಿರುಗಿಸಿಬಿಟ್ಟ. ಯಾರದೋ ಮಾತು ನಡುವೆಯೇ ನಿಂತಿತು.

"ಏ ಗೌಡ! ಮುಟ್ಬ್ಯಾಡ ಅದ!" ಅಂತ ಜವಾನ ಹಾರಿದ.

"ದಂಡ ಕಟ್ತೀನಿ, ಕೂತ್ಕೊ" ಅಂದ ಅಪ್ಪ. ಆಮೇಲೆ ನನ್ನ ಕಡೆ ತಿರುಗಿದ. "ಅಲ್ಲಿ ಏನ್ ಯೋಳ್ದೆ, ಅದನ್ನ ಇಲ್ಲಿ ಯೋಳು."

ಎದ್ದು ನಿಂತೆ. ಮೊದಲನೆಯ ಮಾತು ಕ್ಯಾಪ್ಟನಿಗೆ ಅಲ್ಲ, ದೊರೆಗೆ ಅಲ್ಲ, ಇವನಿಗೇ ಹೇಳಬೇಕಾಗಿದ್ದದ್ದು.

"ನಾನು ರೈಟರ್ ಅಲ್ಲ ಅಪ್ಪ" ಅಂದೆ. "ನನ್ನ ಅಕ್ಷರ ನೋಡಿ ಯಾರೂ ಕರೀಲಿಲ್ಲ. ನಾನು ಆಟಕ್ಕೆ ಸಂಬಳ ತಗೋತಿದ್ದೆ."

ಅಪ್ಪನ ಕೈ ಇನ್ನೂ ರೇಡಿಯೋದ ಮೇಲೇ ಇತ್ತು. ಜಗಲಿಯ ಕಡೆ, ನಕ್ಕವರ ಕಡೆ ಒಮ್ಮೆ ನೋಡಿದ, ಮತ್ತೆ ನನ್ನ ಕಡೆ ನೋಡಿದ.

"ಜೋರಾಗ್ ಯೋಳ್ಲಾ" ಅಂದ. "ಹಿಂದ್ಲೋರ್ಗೂ ಕೇಳ್ಲಿ."